ತಡಾ ಆಗೇತಿ ಅಂತ ಆ ಹುಡುಗಿಗೆ ಹೇಳಬ್ಯಾಡ್ರಿ
ಸಂಪಾದಕರ ಉತ್ತರ, ಬೆಳಗಾವಿ

ಜಮಖಂಡಿಯಿಂದ ಹೈಸ್ಕೂಲ್ ಅಕ್ಕಾರೊಬ್ರು ಪತ್ರ ಬರದಾರ. ಹೋದ ಸಂಚಿಕೆಯ ಚೆಸ್ ಲೇಖನ ಓದಿ ಅವರ ಎಂಟನೇತ್ತೆ ಮಗಳು "ಗುಕೇಶ್ 18ಕ್ಕ ವರ್ಲ್ಡ್ ಚಾಂಪಿಯನ್ ಆದ, ನಾ ಹೋದ ವರ್ಷ ಶುರು ಮಾಡೀನಿ, ನನಗ ತಡಾ ಆತು" ಅಂದು ಬೋರ್ಡ್ ಮಡಚಿ ಇಟ್ಟಾಳಂತ. ಊರಾಗ ಕೋಚ್ ಇಲ್ಲ, ಮನ್ಯಾಗ ಹಿರಿಯಾರು "ಹುಡುಗೀಗೆ ಯಾಕ ಇದು" ಅಂತಾರ, ಬರೇ ದೊಡ್ಡ ಶಹರದವರ ಕಥಿ ಹಾಕಿದ್ರ ನಮ್ಮಂಥವ್ರು ಏನ್ ಮಾಡೂದು ಅಂತ ಕೇಳ್ಯಾರ.

ಅಕ್ಕಾರ, ನಮಸ್ಕಾರ್ರಿ. ಮೊದಲ ಖರೇ ಮಾತು ಹೇಳಿಬಿಡ್ತೀನಿ. 18ಕ್ಕ ಜಗತ್ತು ಗೆಲ್ಲಬೇಕಂದ್ರ 13ಕ್ಕ ಶುರು ಮಾಡಿದ್ರ ಸಾಲಂಗಿಲ್ಲ. ಗುಕೇಶ್ 13 ತುಂಬೂದ್ರಾಗ ಗ್ರ್ಯಾಂಡ್‌ಮಾಸ್ಟರ್, ಅಂದ್ರ ಚೆಸ್‌ನ ಎಲ್ಲಕ್ಕಿಂತ ದೊಡ್ಡ ಪದವಿಯವರು, ಆಗಿದ್ರು, ಅವರ ತಂದಿ ಕಿವಿ-ಮೂಗಿನ ಡಾಕ್ಟರು, ಪ್ರಾಕ್ಟೀಸ್ ಬದಿಗಿಟ್ಟು ಮಗನ ಜೋಡಿ ದೇಶ ದೇಶ ತಿರುಗಿದ್ರು. ಅದಕ್ಕ ರೊಕ್ಕ ಬೇಕು, ಇಡೀ ಮನೀನ ಆ ಕಡೆ ತಿರುಗಬೇಕು. ಆದ್ರ ಚೆಸ್ ಅಂದ್ರ ಅದೊಂದ ದಾರಿ ಅಂತ ನಿಮ್ಮ ಮಗಳು ತಿಳ್ಕೊಂಡಾಳಲ್ಲ, ಅದನ್ನ ಓದಿ ನನಗ ಭಾಳ ಸಂಕಟ ಆತ್ರಿ, ಅದಕ್ಕ ಇಷ್ಟು ಉದ್ದ ಬರಿಯಾಕತ್ತೀನಿ.

ಮೀರ್ ಸುಲ್ತಾನ್ ಖಾನ್ ಕಥಿ ಆಕಿಗೆ ಹೇಳ್ರಿ. ಪಂಜಾಬದ ಮಿಠಾ ಟಿವಾಣಾ ಅನ್ನೋ ಸಣ್ಣ ಊರು, ಈಗ ಅದು ಪಾಕಿಸ್ತಾನದಾಗ ಐತಿ. ತಂದೀಕಡೆಯಿಂದ ಕಲ್ತದ್ದು ನಮ್ಮ ಹಳೇ ಪದ್ಧತಿ ಆಟ, ಅದರಾಗ ಪ್ಯಾದೆ ಮೊದಲನೇ ಸಲಾನೂ ಒಂದ ಮನಿ ನಡೀಬೇಕು. ಈಗ ಎಲ್ಲಾರೂ ಆಡೋ ನಿಯಮ ಅವ್ರು ಕಲ್ತದ್ದು 20 ದಾಟಿದ ಮ್ಯಾಲೆ, ಜಮೀನ್ದಾರ ಸರ್ ಉಮರ್ ಹಯಾತ್ ಖಾನ್ ಅವರ ಆಶ್ರಯಕ್ಕ ಬಂದಾಗ. 1928ಕ್ಕ ಅಖಿಲ ಭಾರತ ಚಾಂಪಿಯನ್, 1929ಕ್ಕ ಲಂಡನ್ನಿಗೆ ಹೋದ್ರು, ಅದ ವರ್ಷ ಬ್ರಿಟಿಷ್ ಚಾಂಪಿಯನ್‌ಶಿಪ್ ಗೆದ್ರು, ಮುಂದ 1932, 1933 ಎರಡೂ ವರ್ಷ ಮತ್ತ ಗೆದ್ರು. ಇಂಗ್ಲೆಂಡಿನ ಥಂಡಿ ಅವರಿಗೆ ಒಗ್ಗಲೇ ಇಲ್ಲ, ಮಲೇರಿಯಾ, ನೆಗಡಿ, ಗಂಟಲಿಗೆ ಬಟ್ಟಿ ಸುತ್ತಿಕೊಂಡು ಆಡಾಕ ಕೂಡ್ತಿದ್ರಂತ. ಓಪನಿಂಗ್, ಅಂದ್ರ ಆಟದ ಶುರುವಿನ ನಡಿಗಳ ಪುಸ್ತಕ ಓದಿ ಬಂದವರಲ್ಲ, ಹಂಗಾಗಿ ಶುರುವಿನಾಗ ಕೆಟ್ಟ ಪೊಸಿಷನ್‌ಗೆ ಸಿಗ್ತಿದ್ರು, ಆದ್ರ ಎಂಡ್‌ಗೇಮ್, ಅಂದ್ರ ಕಾಯಿ ಕಡಿಮಿ ಉಳದ ಕೊನೀ ಆಟ, ಬಂತಂದ್ರ ಅವರ ಮುಂದ ನಿಲ್ಲೋರು ಕಡಿಮಿ. 1930-31ರ ಹೇಸ್ಟಿಂಗ್ಸ್ ಟೂರ್ನಮೆಂಟಿನಾಗ ಮಾಜಿ ವರ್ಲ್ಡ್ ಚಾಂಪಿಯನ್ ಕ್ಯಾಪಾಬ್ಲಾಂಕಾನ್ನ ಸೋಲಿಸಿದ್ರು, ಸುಮ್ಮನ ಕೈತಪ್ಪಿ ಬಂದ ಗೆಲುವಲ್ಲ ಅದು, ಇಂಚು ಇಂಚು ಹಿಚುಕಿ ಗೆದ್ದದ್ದು. ಮುಂದ ದೇಶ ದೇಶದ ತಂಡಗಳು ಆಡೋ 1931ರ ಪ್ರಾಗ್ ಒಲಿಂಪಿಯಾಡದಾಗ ಇಂಗ್ಲೆಂಡಿನ ಮೊದಲನೇ ಬೋರ್ಡಿಗೆ ಕುಂತು ಆಗಿನ ದೊಡ್ಡ ಆಟಗಾರರು ರೂಬಿನ್‌ಸ್ಟೈನ್, ಫ್ಲೋರ್ ಇಬ್ಬರನ್ನೂ ಸೋಲಿಸಿದ್ರು, ಆಗಿನ ಚಾಂಪಿಯನ್ ಅಲೆಖಿನ್ ಜೋಡಿ ಡ್ರಾ ಮಾಡಿದ್ರು.

ಇಷ್ಟ ಹೇಳಿ ನಿಲ್ಲಿಸಿದ್ರ ಅರ್ಧ ಕಥಿ ಆಕ್ಕೈತಿ. 1933ರ ಕೊನೀಗೆ ಅವ್ರು ತಿರುಗಿ ಊರಿಗೆ ಬಂದ್ರು, ಹೊಲ ಮನಿ ನೋಡ್ಕೊಂಡಿದ್ರು, ದೊಡ್ಡ ಟೂರ್ನಮೆಂಟ್ ಮತ್ತ ಆಡಲಿಲ್ಲ, 1966ಕ್ಕ ಸರ್ಗೋಧಾದಾಗ ತೀರ್ಕೊಂಡ್ರು. ಮಕ್ಕಳಿಗೆ ಚೆಸ್ ಕಲಿಸಲಿಲ್ಲ, ಬಾಳಿಗೆ ಉಪಯೋಗ ಆಗೂದು ಏನರ ಮಾಡ್ರಿ ಅಂತಿದ್ರು ಅಂತ ಅವರ ಮಗ ಹೇಳ್ಯಾರ. ಬದುಕಿದ್ದಾಗ ಗ್ರ್ಯಾಂಡ್‌ಮಾಸ್ಟರ್ ಅನ್ನಿಸಿಕೊಳ್ಳಲಿಲ್ಲ, ಜಾಗತಿಕ ಚೆಸ್ ಸಂಸ್ಥೆ ಫಿಡೆ ಗೌರವ ಪದವಿ ಕೊಟ್ಟದ್ದು 2024ಕ್ಕ. ಅವರನ್ನ ಓದು ಬರಹ ಇಲ್ಲದ ಆಳು ಅಂತ ಬರೆಯೋರು ಭಾಳ ಮಂದಿ, ಅವರ ಮನೆಯವ್ರು ಅದನ್ನ ಒಪ್ಪಂಗಿಲ್ಲ, ನಾನೂ ಆ ಮಾತು ಬಳಸಂಗಿಲ್ಲ, ಅಂಥಾ ಆಟ ಆಡಿದ ಮನಷ್ಯಾನ್ನ ಚಾಕರಿ ಹೆಸರಿಲೆ ಗುರುತಿಸೂದು ಸರಿ ಅನ್ನಿಸಂಗಿಲ್ಲ.

ಅದ ಉಮರ್ ಹಯಾತ್ ಖಾನ್ ಅವರ ಮನ್ಯಾಗ ಕೆಲಸಕ್ಕಿದ್ದ ಹುಡುಗಿ ಫಾತಿಮಾ 1933ಕ್ಕ ಬ್ರಿಟಿಷ್ ಮಹಿಳಾ ಚಾಂಪಿಯನ್ ಆದಳು. "ಹುಡುಗೀಗೆ ಯಾಕ" ಅನ್ನೋ ಹಿರಿಯಾರಿಗೆ ಇದನ್ನ ಮೊದಲ ಹೇಳ್ರಿ. ಆಮೇಲೆ ಮುಂಬೈದ ಖಾಡಿಲ್ಕರ್ ಅಕ್ಕ ತಂಗ್ಯಾರು, ವಾಸಂತಿ, ಜಯಶ್ರೀ, ರೋಹಿಣಿ. 1974ಕ್ಕ ಮಹಿಳಾ ರಾಷ್ಟ್ರೀಯ ಚಾಂಪಿಯನ್‌ಶಿಪ್ ಶುರು ಆತು, ಮೊದಲ ಹತ್ತು ವರ್ಷ ಆ ಪದವಿ ಈ ಒಂದ ಮನಿ ಬಿಟ್ಟು ಹೊರಗ ಹೋಗಲಿಲ್ಲ. 1976ಕ್ಕ ರೋಹಿಣಿ ಗಂಡಸರ ರಾಷ್ಟ್ರೀಯ ಚಾಂಪಿಯನ್‌ಶಿಪ್ಪಿಗೇ ಇಳದ್ರು, ದೊಡ್ಡ ಗದ್ದಲ ಆತು, ಕಡೀಕ ಆಗಿನ ಫಿಡೆ ಅಧ್ಯಕ್ಷ ಮ್ಯಾಕ್ಸ್ ಯೂವೆ ಹೆಣ್ಮಕ್ಕಳನ್ನ ತಡೀಲಿಕ್ಕೆ ಬರಂಗಿಲ್ಲ ಅಂತ ಹೇಳಬೇಕಾತು. ಅವರ ತಂದಿ ಮರಾಠಿ ದಿನಪತ್ರಿಕೆಯ ಸಂಪಾದಕರು, ಮುಂದ ರೋಹಿಣಿನೂ ಪತ್ರಿಕೆ ಸಂಪಾದಕರಾದ್ರು, ನಮ್ಮ ವೃತ್ತಿಯವರು ಅಂತ ನನಗ ಅವರ ಮ್ಯಾಲೆ ಒಂದೀಟು ಹೆಚ್ಚ ಅಭಿಮಾನ. ಈಗಿನವರು ಬೇಕಂದ್ರ ಕೊನೇರು ಹಂಪಿ ಅದಾರ, ಮಗಳು ಹುಟ್ಟಿದ ಮ್ಯಾಲೆ 2019ಕ್ಕ ಕಡಿಮಿ ಹೊತ್ತಿನ ಆಟದ ವಿಶ್ವ ಸ್ಪರ್ಧೆ, ಅಂದ್ರ ವರ್ಲ್ಡ್ ರ್‍ಯಾಪಿಡ್ ಗೆದ್ರು, 2024ಕ್ಕ 37ನೇ ವಯಸ್ಸಿಗೆ ಮತ್ತ ಗೆದ್ರು.

ನಮ್ಮ ಕಡೆ ಏನೂ ಇಲ್ಲ ಅಂತ ಬರದೀರಿ. ಸಾಂಗ್ಲಿ ಎಷ್ಟು ದೂರ್ರಿ? ಅಥಣಿ, ಮಿರಜ ಮ್ಯಾಲೆ ಹೋದ್ರ ಬಂತು. ಜಮಖಂಡಿ, ಮಿರಜ, ಸಾಂಗ್ಲಿ ಮೂರೂ ಪಟವರ್ಧನರ ಸಂಸ್ಥಾನ ಆಗಿದ್ವು, ಈಗ ನಡಕ ರಾಜ್ಯದ ಗಡಿ ಬಂದೈತಿ ಅಷ್ಟ. ಸಾಂಗ್ಲಿ ದೊಡ್ಡ ಶಹರ ಅಲ್ಲ, ಆದ್ರ ಅಲ್ಲಿ ಭಾವುಸಾಹೇಬ ಪಡಸಲಗೀಕರ ಅನ್ನೋರು ಜೀವನಾನ ಈ ಆಟಕ್ಕ ಕೊಟ್ರು, ನೂತನ ಬುದ್ಧಿಬಳ ಮಂಡಳ ಅನ್ನೋ ಚೆಸ್ ಸಂಘ ಕಟ್ಟಿದ್ರು, ಹುಡುಗ್ರನ್ನ ಕುಂದರಿಸಿಕೊಂಡು ಕಲಿಸಿದ್ರು, ಟೂರ್ನಮೆಂಟ್ ನಡಸಿದ್ರು. ಐದು ಸಲ ಮಹಿಳಾ ರಾಷ್ಟ್ರೀಯ ಚಾಂಪಿಯನ್ ಆದ ಭಾಗ್ಯಶ್ರೀ ಸಾಠೆ, ಅಂದ್ರ ಮುಂದ ಭಾಗ್ಯಶ್ರೀ ಠಿಪ್ಸೆ, ಅದ ಊರಿನವರು, ಸ್ವಾತಿ ಘಾಟೆನೂ ಅಲ್ಲಿಯವರ. ಊರು ಸಣ್ಣದು ದೊಡ್ಡದು ಅನ್ನೂದಕ್ಕಿಂತ ಎದುರಿಗೆ ಬೋರ್ಡ್ ಇಟ್ಕೊಂಡು ಕೂಡೋರು ಒಬ್ರು ಇದ್ದಾರೋ ಇಲ್ಲೋ ಅನ್ನೂದ ಮುಖ್ಯ ಅಂತ ಈ ಎಲ್ಲಾ ಬದುಕು ನೋಡಿ ನನಗ ಗಟ್ಟಿ ಆಗೇತಿ. ವಿಶ್ವನಾಥನ್ ಆನಂದ್‌ಗೆ ಮೊದಲ ಕಲಿಸಿದವ್ರೂ ಅವರ ತಾಯಿ ಸುಶೀಲಾ. ನಿಮ್ಮ ಸಾಲ್ಯಾಗ ಆ ಜಾಗಾದಾಗ ನೀವ ಕೂಡ್ರಿ ಅಕ್ಕಾರ, ನಿಮಗ ಆಟ ಬರದಿದ್ರ ಮಗಳ ಕಡಿಂದ ಕಲೀರಿ.

ಇನ್ನ ವಯಸ್ಸಿನ ಮಾತು. ಮೈಸೂರಿನ ತೇಜಕುಮಾರ್ ಅವ್ರು ರೈಲ್ವೆ ನೌಕರಿ ಮಾಡ್ಕೋತ, 30 ದಾಟಿ ಎಷ್ಟೋ ವರ್ಷ ಆದ ಮ್ಯಾಲೆ 2017ಕ್ಕ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದ್ರು. ರಷ್ಯಾದ ಸ್ಮಿಸ್ಲೋವ್ 1984ಕ್ಕ, 60 ದಾಟಿದ ಮ್ಯಾಲೆ, ವರ್ಲ್ಡ್ ಚಾಂಪಿಯನ್‌ಗೆ ಎದುರಾಳಿ ಯಾರಂತ ಆರಿಸೋ ಕ್ಯಾಂಡಿಡೇಟ್ಸ್ ಫೈನಲ್ಲಿಗೆ ಬಂದು ಕಾಸ್ಪರೋವ್ ಎದುರು ಕುಂತಿದ್ರು, ಸೋತ್ರು, ಆದ್ರ ಬಂದಿದ್ರು.

ಮಗಳಿಗೆ ಈಗ ಓಪನಿಂಗ್ ಬಾಯಿಪಾಠ ಮಾಡಸಬ್ಯಾಡ್ರಿ. ರಾಜ ಮತ್ತ ಒಂದು ಪ್ಯಾದೆ, ರಾಜ ಮತ್ತ ಆನಿ, ಇಂಥಾ ಸಣ್ಣ ಎಂಡ್‌ಗೇಮ್ ಮೊದಲ ಆಡ್ಲಿ, ಕ್ಯಾಪಾಬ್ಲಾಂಕಾನೂ ಅದನ್ನ ಹೇಳ್ತಿದ್ರು. ಮೊಬೈಲ್‌ದಾಗ ಲಿಚೆಸ್ ಅನ್ನೋ ಚೆಸ್ ಆ್ಯಪ್ ಪೂರಾ ಪುಕ್ಕಟೆ, ಜಾಹೀರಾತೂ ಇಲ್ಲ, ಆದ್ರ ಮೂರು ನಿಮಿಷದ ಆಟ ಬಿಡಸ್ರಿ, ಅರ್ಧ ತಾಸಿನ ಆಟ ಆಡ್ಲಿ, ನಡಿ ಒಂದೊಂದೂ ವಹಿಯೊಳಗ ಬರಕೊಳ್ಳಿ, ಆಟ ಮುಗಿದ ಮ್ಯಾಲೆ ಎಲ್ಲಿ ಕೆಡ್ತು ಅಂತ ಒಬ್ಬಾಕೀನ ಕುಂತು ಹುಡುಕ್ಲಿ. ಛಲೋ ನಡಿ ಯಾವುದಂತ ಹೇಳೋ ಕಂಪ್ಯೂಟರ್ ಇಂಜಿನ್ ಆಮೇಲೆ ತೋರಸ್ರಿ.

ಆಕಿ ಹಂಗ ಬರೆದಿಟ್ಟ ಒಂದು ಆಟ ನಮ್ಮ ವಿಳಾಸಕ್ಕ ಕಳಸ್ರಿ, ಸೋತದ್ದ ಇರ್ಲಿ, ಬೆಳಗಾವಿಯ ಛಲೋ ಆಟಗಾರರ ಕಡಿಂದ ನೋಡಿಸಿ ಒಂದೊಂದು ನಡೀಗೂ ಉತ್ತರ ಬರಸಿ ಆಕಿ ಹೆಸರಿಗೇ ಕಳಸ್ತೀನಿ.