ಪ್ಯಾಕಪ್ ಆದ ಮೇಲೂ ಬಿಡದ ಪಾತ್ರ

(ಗುರುತು ಸಿಗದಂತೆ ವಿವರಗಳನ್ನು ಬದಲಿಸಲಾಗಿದೆ.)

ಸಲಹೆ ಕೇಳಿ ನಮ್ಮಲ್ಲಿಗೆ ಬಂದ ನಟಿ; ಆಕೆಗೆ 31 ವರ್ಷ. ರಂಗಭೂಮಿಯಿಂದ ಬಂದವರು, ಸಾಮಾಜಿಕ ಕಾಳಜಿಯ ಸಣ್ಣ ಬಜೆಟ್ ಚಿತ್ರಗಳನ್ನೇ ಹುಡುಕಿ ಒಪ್ಪಿಕೊಳ್ಳುವವರು. ಗಂಡನಿಂದ ಏಟು ತಿನ್ನುವ ಹೆಂಗಸಿನ ಪಾತ್ರ ಮುಗಿಸಿ ಮೂರು ವಾರವಾದರೂ ನಿದ್ದೆ ಹತ್ತುತ್ತಿರಲಿಲ್ಲ. ಬಾಗಿಲು ಜೋರಾಗಿ ಬಡಿದರೆ ಬೆವರು. ಜೊತೆಗೆ, ಅರ್ಧ ಸಂಭಾವನೆ ಬಾಕಿ. "ಒಳ್ಳೇ ಉದ್ದೇಶದ ಸಿನಿಮಾ, ದುಡ್ಡು ಹೇಗೆ ಕೇಳಲಿ ಮೇಡಂ?"

ಹೊಡೆತದ ದೃಶ್ಯವನ್ನು ಒಂದೇ ರಾತ್ರಿ 14 ಟೇಕ್ ತೆಗೆದಿದ್ದರು. ದೂರದಿಂದ ಇಡೀ ದೃಶ್ಯ ಹಿಡಿಯುವ ವೈಡ್ ಶಾಟ್‌ನಲ್ಲೇ ಇವರು ಪೂರ್ತಿ ಅತ್ತಿದ್ದರು. ತಯಾರಿಗೆಂದು ಪಡೆದ ಸಂತ್ರಸ್ತೆಯರ ಧ್ವನಿಮುದ್ರಣಗಳನ್ನು ಮಲಗುವ ಮುನ್ನ ಕೇಳುತ್ತಿದ್ದರು. ಇದು ಅಭಿನಯವೆಂದು ಬುದ್ಧಿಗೆ ಗೊತ್ತು; ಆದರೆ ಏದುಸಿರು, ಬಿಗಿದ ಸ್ನಾಯು, ಏರಿದ ಎದೆಬಡಿತ ಎಲ್ಲವೂ ನಿಜವೇ.

ಮೊದಲು ಧ್ವನಿಮುದ್ರಣಗಳನ್ನು ನಿರ್ದೇಶಕರಿಗೆ ಒಪ್ಪಿಸಿ ಫೋನಿನಿಂದ ಅಳಿಸಲು ಹೇಳಿದೆವು. ಮುಂದಿನ ಚಿತ್ರಕ್ಕೆ, ದಿನದ ಚಿತ್ರೀಕರಣ ಮುಗಿದು ಪ್ಯಾಕಪ್ ಆದೊಡನೆ 15 ನಿಮಿಷ: ಉಡುಪು ತೆಗೆದು ಕಾಸ್ಟ್ಯೂಮ್‌ನವರ ಕೈಗೆ ಕೊಡುವುದು, ಮೇಕಪ್ ತಾವೇ ಒರೆಸುವುದು, ಮೂಗಿನಿಂದ 4 ಎಣಿಸುವಷ್ಟು ಉಸಿರೆಳೆದು 6 ಎಣಿಸುತ್ತ ಬಿಡುವುದು, ಹತ್ತು ಬಾರಿ. ಆಮೇಲೆ ತಮ್ಮ ಹೆಸರು, ಇಂದಿನ ತಾರೀಖು, ತಮಗೂ ಪಾತ್ರಕ್ಕೂ ಇರುವ ಮೂರು ವ್ಯತ್ಯಾಸಗಳನ್ನು ಗಟ್ಟಿಯಾಗಿ ಹೇಳುವುದು. ಶುರುವಿನಲ್ಲಿ ಇದನ್ನು ಮನೆಗೆ ಹೋಗುವ ವ್ಯಾನಿನಲ್ಲಿ ಮಾಡಿದರು, ಫಲಿಸಲಿಲ್ಲ. ಪಕ್ಕದವರು ಅದೇ ದೃಶ್ಯದ ಮಾತಾಡುತ್ತಿದ್ದರು. ಮೇಕಪ್ ಕೋಣೆಯಲ್ಲೇ ಮುಗಿಸಿ ಹೊರಟಾಗ ಫಲ ಕಂಡಿತು.

ವೈಡ್ ಶಾಟ್‌ಗೆ ಅರ್ಧ ತೀವ್ರತೆ ಸಾಕು, ಅಳುವನ್ನು ಕ್ಲೋಸಪ್‌ಗೆ ಉಳಿಸಿಕೊಳ್ಳಿ ಎಂದೆವು. ಎಷ್ಟು ಟೇಕ್, ನಿಲ್ಲಿಸಬೇಕಾದರೆ ಯಾವ ಪದ ಎಂಬುದನ್ನು ಹಿಂದಿನ ದಿನವೇ ನಿರ್ದೇಶಕರ ಜೊತೆ ಮಾತಾಡಿಕೊಳ್ಳಬೇಕು. ಸ್ವಂತ ನೋವನ್ನು ನೆನೆದು ಅಳುವ ಅಭ್ಯಾಸವಿತ್ತು. ಬಿಡಿಸಲು ತುಂಬ ಸಮಯ ಹಿಡಿಯಿತು.

ಹಣದ ವಿಷಯ ಬೇರೆಯಲ್ಲ, ಅದೂ ನಿದ್ದೆ ಕೆಡಿಸುವಂಥದ್ದೇ. ಡಬ್ಬಿಂಗ್ ಇರುವ ಚಿತ್ರದಲ್ಲಿ ಬಾಕಿ ಬಂದ ಮೇಲೆಯೇ ದನಿ ಕೊಡುತ್ತೇನೆ ಎನ್ನಬಹುದು. ಚಿತ್ರೀಕರಣದ ಹೊತ್ತಿನಲ್ಲೇ ದನಿ ಹಿಡಿಯುವ ಸಿಂಕ್ ಸೌಂಡ್‌ನಲ್ಲಿ ಆ ಹಿಡಿತ ಇಲ್ಲ. ಆದ್ದರಿಂದ ಅರ್ಧ ಮುಂಗಡ, ಉಳಿದದ್ದು ಕೊನೆಯ ಚಿತ್ರೀಕರಣದ ದಿನಕ್ಕೆ ಮುನ್ನ ಎಂದು ಕರಾರಿನಲ್ಲೇ ಬರೆಸಬೇಕು. ಕಥೆಯ ಕಾಳಜಿ ಎಷ್ಟೇ ದೊಡ್ಡದಿರಲಿ, ಕ್ಯಾಮೆರಾ ಬಾಡಿಗೆಯನ್ನು ಯಾರೂ ಬಿಟ್ಟುಕೊಡುವುದಿಲ್ಲ. ನಟಿಯ ಕೂಲಿಯೂ ಹಾಗೆಯೇ.

ದುಃಸ್ವಪ್ನ ತಿಂಗಳು ದಾಟಿದರೆ ಮನೋವೈದ್ಯರನ್ನು ಕಾಣಬೇಕು, ಸಾಯುವ ಯೋಚನೆ ಬಂದರೆ ಅಂದೇ; ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಯಾವ ಹೊತ್ತಿನಲ್ಲೂ ಕರೆ ಮಾಡಬಹುದು ಎಂದು ಬರೆದುಕೊಟ್ಟೆವು. ಆರನೆಯ ಭೇಟಿಯ ಹೊತ್ತಿಗೆ ರಾತ್ರಿ ಆರು ತಾಸು ನಿದ್ದೆ ಬರುತ್ತಿತ್ತು. ಬಾಕಿಗಾಗಿ ಮೊದಲ ಪತ್ರ ಬರೆದಿದ್ದರು.