ಒಂದೇ ಸಾಲಿನಲ್ಲಿ ಮೇಲ್ಮನವಿ ವಜಾ ಆದರೆ ನೌಕರಿ ವಾಪಸ್ ಬರುತ್ತದೆಯೇ?

ಪ್ರಶ್ನೆ: ನಾನು ರಾಜ್ಯ ಸರ್ಕಾರಿ ನೌಕರ. ಇಲಾಖಾ ವಿಚಾರಣೆ ನಡೆಸಿ ಸೇವೆಯಿಂದ ವಜಾ ಮಾಡಿದರು. ಪುಟಗಟ್ಟಲೆ ಮೇಲ್ಮನವಿ ಕೊಟ್ಟೆ. ‘ಕೂಲಂಕಷವಾಗಿ ಪರಿಶೀಲಿಸಲಾಗಿದೆ, ಹಸ್ತಕ್ಷೇಪಕ್ಕೆ ಕಾರಣ ಕಂಡುಬಂದಿಲ್ಲ, ತಿರಸ್ಕರಿಸಿದೆ’ ಎಂದಷ್ಟೇ ಆದೇಶ ಬಂತು. ಕಾರಣ ಬರೆಯದ ಆದೇಶ ಕೋರ್ಟಿನಲ್ಲಿ ನಿಲ್ಲುವುದಿಲ್ಲವಂತೆ. ನೌಕರಿ ಸಿಕ್ಕಂತೆಯೇ ಅಲ್ಲವೇ?

ಉತ್ತರ: ಅಲ್ಲ. ಅರ್ಧ ಸತ್ಯ ನಂಬಿಕೊಂಡು ಬರೆದ ಇಂಥ ಪತ್ರಗಳಿಗೆ ಉತ್ತರಿಸಿ ಸಾಕಾಗಿದೆ, ಆದರೂ ಇನ್ನೊಮ್ಮೆ ಹೇಳುತ್ತೇನೆ.

1986ರ ರಾಮ್ ಚಂದರ್ ಪ್ರಕರಣವನ್ನು ಎಲ್ಲರೂ ಉದಾಹರಿಸುತ್ತಾರೆ. ರೈಲ್ವೆ ನೌಕರರೊಬ್ಬರ ಮೇಲ್ಮನವಿಯನ್ನು ರೈಲ್ವೆ ಮಂಡಳಿಯು ನಿಯಮದ ಪದಗಳನ್ನೇ ನಕಲು ಮಾಡಿ ತಿರಸ್ಕರಿಸಿತ್ತು. ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಆದರೆ ಅವರಿಗೂ ಸಿಕ್ಕಿದ್ದು ನೌಕರಿಯಲ್ಲ. ಖುದ್ದು ಅಹವಾಲು ಕೇಳಿ, ಕಾರಣ ಬರೆದು, ಮೇಲ್ಮನವಿಯನ್ನು ಮತ್ತೆ ತೀರ್ಮಾನಿಸಿ ಎಂಬ ನಿರ್ದೇಶನ. ತೀರ್ಪಿನ ಆ ಕೊನೆಯ ಭಾಗವನ್ನು ಯಾರೂ ಓದುವುದಿಲ್ಲ.

ಮೇಲ್ಮನವಿ ಪ್ರಾಧಿಕಾರ ನೋಡಬೇಕಾದ್ದು ಮೂರು ಸಂಗತಿ: ವಿಚಾರಣೆ ಕ್ರಮಬದ್ಧವಾಗಿತ್ತೇ, ಆರೋಪ ಸಾಬೀತಾಗಿದೆ ಎನ್ನಲು ದಾಖಲೆಯಲ್ಲಿ ಆಧಾರವಿದೆಯೇ, ದಂಡನೆ ಅತಿಯಾಯಿತೇ. ಕೇಂದ್ರದ 1965ರ ಸಿಸಿಎ (ನೌಕರರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮ 27 ಹೇಳುವುದು ಇದನ್ನೇ, ನಮ್ಮ ಕರ್ನಾಟಕದ 1957ರ ನಿಯಮಗಳದ್ದೂ ಇದೇ ಧಾಟಿ. ಇಷ್ಟಾದರೂ ಇಲಾಖೆಯ ಪರ ವಕೀಲರ ಕೈಯಲ್ಲಿ ಒಂದು ಅಸ್ತ್ರವಿದೆ. ಕೆಳಗಿನ ಆದೇಶವನ್ನು ಒಪ್ಪುವಾಗ ಮೇಲಿನವರು ಉದ್ದಕ್ಕೆ ಬರೆಯಬೇಕಿಲ್ಲ ಎಂದು 1990ರಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವೇ ಹೇಳಿದೆ. ಒಪ್ಪಿದರೂ ಚುಟುಕಾಗಿಯಾದರೂ ಕಾರಣ ಇರಲಿ ಎಂಬುದು 2008ರ ಮಧುಸೂದನ ರಾವ್ ತೀರ್ಪು.

ಹಾಗಾಗಿ ನಿಮ್ಮ ಮೇಲ್ಮನವಿಯಲ್ಲಿ ಏನಿತ್ತು ಎಂಬುದೇ ಈಗಿನ ಪ್ರಶ್ನೆ. ‘ನಿಷ್ಠೆಯಿಂದ ದುಡಿದಿದ್ದೇನೆ, ಸಂಸಾರಸ್ಥ, ದಯೆ ತೋರಿ’ ಎಂದು ಪುಟ ತುಂಬಿಸಿದ್ದರೆ ಒಂದು ಸಾಲಿನ ಉತ್ತರವೂ ಸಾಕೆನ್ನಬಹುದು. ‘ಮೂರನೇ ಸಾಕ್ಷಿಯ ಪಾಟೀಸವಾಲಿಗೆ ಅವಕಾಶ ಕೊಡಲಿಲ್ಲ, ನಗದು ಪುಸ್ತಕದ ಆ ದಿನದ ಸಹಿ ನನ್ನದಲ್ಲ, ಇದೇ ಆರೋಪಕ್ಕೆ ಜೊತೆಯ ಗುಮಾಸ್ತರಿಗೆ ಬರೀ ವೇತನ ಬಡ್ತಿ ತಡೆದರು’ ಎಂದು ಬರೆದಿದ್ದರೆ ಪ್ರಾಧಿಕಾರದ ಮೌನ ಎದ್ದು ಕಾಣುತ್ತದೆ. ಇವತ್ತೇ ಒಂದು ಹಾಳೆಯಲ್ಲಿ ಮೂರು ಕಾಲಂ ಎಳೆಯಿರಿ: ನಿಮ್ಮ ಆಕ್ಷೇಪ, ವಿಚಾರಣಾ ದಾಖಲೆಯ ಪುಟ, ಅದಕ್ಕೆ ಆದೇಶ ಕೊಟ್ಟ ಉತ್ತರ. ಮೂರನೆಯದು ಖಾಲಿ ಉಳಿದಷ್ಟೂ ನಿಮ್ಮ ಕೇಸು ಗಟ್ಟಿ.

ಸರ್ಕಾರಿ ನೌಕರರ ಸೇವಾ ವ್ಯಾಜ್ಯ ಕೇಳುವ ಕೆಎಟಿಯಲ್ಲಿ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ಇಲಾಖೆ ಸಲ್ಲಿಸುವ ಆಕ್ಷೇಪಣೆಯಲ್ಲಿ ಹೊಸ ಹೊಸ ಕಾರಣಗಳು ಹುಟ್ಟಿಕೊಳ್ಳುತ್ತವೆ. ಹೆದರಬೇಡಿ. ಆದೇಶದಲ್ಲಿ ಇಲ್ಲದ ಕಾರಣವನ್ನು ಆಮೇಲೆ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ತುಂಬಲಾಗದು ಎಂಬ ತತ್ವ 1978ರ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಿಂದ ನೆಲೆಯೂರಿದೆ.

ಇನ್ನು ನಾನು ಅತಿಯಾಗಿ ಎಚ್ಚರಿಸುವ ವಿಷಯ. ಮೇಲ್ಮನವಿ ಆದೇಶವನ್ನಷ್ಟೇ ಪ್ರಶ್ನಿಸಬೇಡಿ, ಮೂಲ ವಜಾ ಆದೇಶವನ್ನೂ ಸೇರಿಸಿ. ಮೇಲಿನದಷ್ಟೇ ರದ್ದಾದರೆ ವಜಾ ಹಾಗೇ ಉಳಿಯುತ್ತದೆ. ಸಂಬಳವಿಲ್ಲದೆ ಮತ್ತೆ ಅದೇ ಕಚೇರಿಯ ಮುಂದೆ ಕಾಯಬೇಕು. ಅದೇ ಅಧಿಕಾರಿ ಈ ಸಲ ನಾಲ್ಕು ಪುಟ ಕಾರಣ ಬರೆದು ಮತ್ತೆ ತಿರಸ್ಕರಿಸಿದ್ದನ್ನು ಬೇಕಾದಷ್ಟು ನೋಡಿದ್ದೇನೆ.

ಪ್ರಶ್ನೆ: ಮೇಲಿಂದ ಮೇಲೆ ಮನವಿ ಕೊಡುತ್ತಿದ್ದರೆ ಕೇಸು ಹಾಕುವ ಅವಧಿ ಉಳಿಯುತ್ತದೆ ಎಂದು ಸಂಘದವರು ಹೇಳಿದರು.

ಉತ್ತರ: ಉಳಿಯುವುದಿಲ್ಲ. 1989ರಲ್ಲೇ ಎಸ್.ಎಸ್. ರಾಥೋರ್ ತೀರ್ಪಿನಲ್ಲಿ ಇದು ಇತ್ಯರ್ಥವಾಗಿದೆ. ಮೇಲ್ಮನವಿ ಆದೇಶವಾದ ದಿನದಿಂದ ಒಂದು ವರ್ಷದೊಳಗೆ ಕೆಎಟಿಗೆ ಹೋಗಿ.

ಪ್ರಶ್ನೆ: ಕೆಎಟಿ ಬಿಟ್ಟು ನೇರ ಹೈಕೋರ್ಟಿಗೆ ಹೋಗಬಹುದೇ?

ಉತ್ತರ: ರಾಜ್ಯ ಸರ್ಕಾರಿ ನೌಕರರು ಹೋಗುವಂತಿಲ್ಲ. 1997ರಿಂದಲೂ ಇದೇ ಸ್ಥಿತಿ.

ಪ್ರಶ್ನೆ: ‘ಮೇಲೆ’ ಮಾತಾಡಿ ಅನುಕೂಲದ ಆದೇಶ ಮಾಡಿಸುತ್ತೇನೆಂದು ಒಬ್ಬರು ಮುಂಗಡ ಕೇಳುತ್ತಿದ್ದಾರೆ.

ಉತ್ತರ: ಕೊಡಬೇಡಿ. ಕೊಟ್ಟರೆ ಹಣವೂ ಹೋಗುತ್ತದೆ, ಲಂಚದ ಕೇಸಿನಲ್ಲಿ ನೀವೂ ಆರೋಪಿಯಾಗುತ್ತೀರಿ.