ಪಕ್ಕದ ಮನೆ ಅಜ್ಜಿಯನ್ನು ಮೊದಲು ಮಾತಾಡಿಸಿ

ಪ್ರ: ನಾವು ಹೊಸನಗರ ತಾಲ್ಲೂಕಿನ ಹಸಲರು. ಮುತ್ತಜ್ಜನ ಕಾಲದಿಂದ ಕಾಡಿನೊಳಗೇ ಇದ್ದೇವೆ. ಅರಣ್ಯ ಹಕ್ಕಿಗೆ ಅರ್ಜಿ ಹಾಕಲು ಹೋದರೆ 75 ವರ್ಷದ ದಾಖಲೆ ತನ್ನಿ ಅಂತಾರೆ. ಎಲ್ಲಿಂದ ತರೋಣ?

ಉ: ತರಲೇಬೇಡಿ. ಇದೇ ಪ್ರಶ್ನೆಗೆ ಉತ್ತರ ಬರೆದು ಬರೆದು ಸಾಕಾಗಿದೆ. ಹಸಲರು ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿದ್ದಾರೆ. 75 ವರ್ಷದ ಷರತ್ತು ಪಂಗಡದವರಲ್ಲದ ಇತರ ಅರಣ್ಯವಾಸಿಗಳಿಗೆ. ನಿಮ್ಮ ಜಮೀನು 2005ರ ಡಿಸೆಂಬರ್ 13ಕ್ಕೆ ಮೊದಲೇ ನಿಮ್ಮ ಕೈಯಲ್ಲಿತ್ತಾ? ಅಷ್ಟು ತೋರಿಸಿ.

ಹೇಗೆ ಅಂತೀರಾ? ಅರಣ್ಯ ಹಕ್ಕು ಕಾಯ್ದೆಯ 2008ರ ನಿಯಮಗಳಲ್ಲಿ 13ನೆಯದನ್ನು ಯಾರಿಂದಾದರೂ ಓದಿಸಿಕೊಳ್ಳಿ. ಹಳೇ ಬಾವಿ, ಮಣ್ಣು ಮಾಡಿದ ಜಾಗ, ದೇವರ ಬನ, ಗದ್ದೆಗೆ ಕಟ್ಟಿದ ಅಂಚು, ಎಲ್ಲವೂ ಸಾಕ್ಷಿಯೇ. ಹಿರಿಯರು ಹೇಳಿದ್ದನ್ನು ಬರೆದಿಟ್ಟರೆ ಅದೂ ಸಾಕ್ಷಿ. ಆದರೆ ಅರ್ಜಿ ಹಾಕಿದವರದೇ ಹೇಳಿಕೆ ನಡೆಯುವುದಿಲ್ಲ. ಪಕ್ಕದ ಮನೆ ಅಜ್ಜಿಯನ್ನು ಕೂರಿಸಿ ಕೇಳಿ. ಯಾರನ್ನು ಎಲ್ಲಿ ಮಣ್ಣು ಮಾಡಿದರು, ಚೌಡಿ ದೇವತೆಗೆ ಎಲ್ಲಿ ಕೋಳಿ ಕೊಯ್ಯುತ್ತಿದ್ದರು, ಕಾಡಿನ ಹುಳಿಹಣ್ಣು ಉಪ್ಪಾಗೆಯನ್ನು ಎಲ್ಲಿ ಆರಿಸುತ್ತಿದ್ದರು. ಮಳೆಗಾಲ ಕಳೆಯಲಿ ಅನ್ನಬೇಡಿ. ಹಾಗೆ ಕಾದ ಒಂದು ಕೇರಿಗೆ ನಾನು ಹೋಗುವಷ್ಟರಲ್ಲಿ ಅಜ್ಜಿ ತೀರಿಕೊಂಡಿದ್ದರು. ಹಳೇ ಸಮಾಧಿಗಳ ಗುರುತು ಗೊತ್ತಿದ್ದದ್ದು ಅವರೊಬ್ಬರಿಗೇ.

ಒಂದು ಸಾಕ್ಷಿ ಸಾಲದು, ಎರಡಾದರೂ ಇರಲಿ. ಉಪಗ್ರಹ ಚಿತ್ರದಲ್ಲಿ ಕಾಣೋದಿಲ್ಲ ಅಂತ ಯಾರಾದರೂ ತಳ್ಳಿಹಾಕಿದರೆ ಆ ನಿಯಮಗಳಿಗೆ ಬಂದ 2012ರ ತಿದ್ದುಪಡಿ ತೋರಿಸಿ. ಚಿತ್ರ ಉಳಿದ ಸಾಕ್ಷಿಗೆ ಜೊತೆಯಾಗಬಹುದು, ಬದಲಿ ಆಗುವಂತಿಲ್ಲ. ಮರದ ಬುಡದ ಸಮಾಧಿ ಆಕಾಶದಿಂದ ಕಂಡೀತಾ? ಅರ್ಜಿಯನ್ನು ಮೊದಲು ನೋಡುವ ಗ್ರಾಮಸಭೆಯೇ ಒಪ್ಪದಿದ್ದರೆ 60 ದಿನದೊಳಗೆ ಉಪವಿಭಾಗ ಮಟ್ಟದ ಸಮಿತಿಗೆ ಹೋಗಿ.

ಕೇರಿಯವರೆಲ್ಲ ಸೇರಿ, ಕಾಡನ್ನು ಒಟ್ಟಾಗಿ ಬಳಸುವ ಸಮುದಾಯ ಹಕ್ಕಿಗೂ ಅರ್ಜಿ ಹಾಕಿ. ಜೇನು, ಉಪ್ಪಾಗೆ, ಚೌಡಿ ಬನ ಎಲ್ಲ ಅದರಲ್ಲಿ ಬರಲಿ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು 2011ರಲ್ಲೇ ಈ ಹಕ್ಕು ಪಡೆದರು. ಮಲೆನಾಡಿನವರು ಇದನ್ನು ಕೇಳುವುದೇ ಇಲ್ಲ, ಬರೀ ಎಕರೆ ಲೆಕ್ಕ!

ಮತ್ತೆ, ಜಿಪಿಎಸ್‌ನಲ್ಲಿ ಜಮೀನು ಅಳತೆ ಮಾಡಿಸಿ ಹಕ್ಕುಪತ್ರ ಕೊಡಿಸ್ತೀನಿ ಅಂತ ಬ್ಯಾಗು ನೇತುಹಾಕಿಕೊಂಡು ಬರುವವರಿಗೆ ಚಾ ಕೊಡಿ, ದುಡ್ಡು ಕೊಡಬೇಡಿ. ಅರ್ಜಿ ನಮೂನೆ ಪುಕ್ಕಟೆ.

ಪ್ರ: ಬಗರ್‌ಹುಕುಂ ಫಾರಂ 57 ಹಾಕಿದ್ದೇವೆ. ಸಾಕಲ್ವಾ?

ಉ: ಅದು ಸರ್ಕಾರಿ ಕಂದಾಯ ಜಮೀನಿನ ಸಾಗುವಳಿ ಸಕ್ರಮ ಮಾಡಿಸಿಕೊಳ್ಳುವ ಅರ್ಜಿ. ಕಾಡಿಗಲ್ಲ.

ಪ್ರ: ಹಕ್ಕುಪತ್ರ ಬಂದ ಮೇಲೆ ಮಾರಬಹುದಾ?

ಉ: ಇಲ್ಲ. ಮಕ್ಕಳಿಗೆ ಹೋಗುತ್ತದೆ, ಅಷ್ಟೇ. ಅಂದಹಾಗೆ, ಅದರಲ್ಲಿ ಹೆಂಡತಿ ಹೆಸರೂ ಇರಬೇಕು. ಬಿಟ್ಟಿದ್ದರೆ ಸೇರಿಸಲು ಹೇಳಿ.